ಹೊಸೆ ಮೆಂಡೆಸ್‌ನ ಲೆಕ್ಕ ಇನ್ನೂ ಚುಕ್ತಾ ಆಗಿಲ್ಲ

2024ರಲ್ಲಿ ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನೋರು ಕಪ್ಪು ಆಟಗಾರರಿಗೆ ತಮ್ಮಲ್ಲಿ ಜಾಗ ಇಲ್ದಿದ್ದ ಕಾಲದಲ್ಲಿ ಅವರು ಆಡ್ತಿದ್ದ ಹಳೇ ನೀಗ್ರೋ ಲೀಗ್‌ಗಳ ಅಂಕಿಅಂಶಾನೂ ತಮ್ಮ ಅಧಿಕೃತ ದಾಖಲೆಗೆ ಸೇರಿಸ್ಕೊಂಡ್ರು. ಒಳ್ಳೇ ಕೆಲ್ಸ, ತಕರಾರಿಲ್ಲ. ಆದ್ರೆ ಆ ಲೆಕ್ಕ ಶುರು ಆಗೋದೇ 1920ರಿಂದ. ಹಾಗಾಗಿ ಕ್ಯೂಬಾದ ಪಿಚ್ಚರ್ (ಕ್ರಿಕೆಟ್‌ನ ಬೌಲರ್ ಇದ್ದಂಗೆ) ಹೊಸೆ ಮೆಂಡೆಸ್ ಹೆಸರಲ್ಲಿ ಅಲ್ಲಿ ಸಿಗೋದೆಲ್ಲ ತೋಳು ಕೆಟ್ಟು ವಯಸ್ಸು ಮೂವತ್ತು ದಾಟಿದ್ಮೇಲಿನ ನಂಬರ್‌ಗಳು. ನನ್ನ ಹೊಟ್ಟೆ ಉರಿಯೋದು ಇಲ್ಲೇ.

1908ರ ನವೆಂಬರ್. ಮೇಜರ್ ಲೀಗ್‌ನ ಸಿನ್ಸಿನಾಟಿ ರೆಡ್ಸ್ ಟೀಮ್ ಕ್ಯೂಬಾದ ಹವಾನಾಗೆ ಬಂದಿತ್ತು. ಎದುರಿಗೆ ಅಲ್ಲಿನ ಟೀಮ್ ಅಲ್ಮೆಂದಾರೆಸ್, ಪಿಚ್ಚರ್ 21 ವರ್ಷದ ಮೆಂಡೆಸ್, ಕಾರ್ಡೆನಾಸ್ ಊರಿನ ಕಪ್ಪು ಹುಡುಗ. ಎಂಟು ಇನ್ನಿಂಗ್ಸ್ ರೆಡ್ಸ್‌ಗೆ ಒಂದೇ ಒಂದು ಹಿಟ್ ಸಿಗ್ಲಿಲ್ಲ, ಒಂಬತ್ತನೇದ್ರಲ್ಲಿ ಮಿಲ್ಲರ್ ಹಗಿನ್ಸ್ ಹೆಂಗೋ ಒಂದು ಹೊಡೆದ, ಅಷ್ಟೇ, ಮ್ಯಾಚ್ 1-0 ಅಲ್ಮೆಂದಾರೆಸ್ ಪಾಲು. ಆಮೇಲೆ ಅದೇ ರೆಡ್ಸ್ ಮೇಲೆ ಮತ್ತೆ ಏಳು ಇನ್ನಿಂಗ್ಸ್, ಮತ್ತೆ ಒಂಬತ್ತು, ಒಟ್ಟು 25 ಇನ್ನಿಂಗ್ಸ್‌ನಲ್ಲಿ ಒಂದು ರನ್ನೂ ಕೊಡ್ಲಿಲ್ಲ. ಬೇಸ್‌ಬಾಲ್‌ನಲ್ಲಿ ಒಂದು ಇನ್ನಿಂಗ್ಸ್‌ಗೆ ಮೂರು ಔಟ್, ಹಾಗಾಗಿ ಕ್ರಿಕೆಟ್ ನೋಡೋರಿಗೆ ಹೇಳ್ಬೇಕಂದ್ರೆ, ಪ್ರವಾಸಕ್ಕೆ ಬಂದ ದೊಡ್ಡ ಟೀಮಿನ 75 ವಿಕೆಟ್ ಬೀಳೋವರೆಗೂ ಸ್ಕೋರ್‌ಬೋರ್ಡ್‌ನಲ್ಲಿ ಸೊನ್ನೆನೇ ಇದ್ದಂಗೆ. ಜನ 'ಕಪ್ಪು ವಜ್ರ' ಅಂತ ಹೆಸರಿಟ್ಟಿದ್ದು ಸುಮ್ನೆ ಅಲ್ಲ.

ಮುಂದೇನಾಯ್ತು? 1911ರಲ್ಲಿ ಅದೇ ರೆಡ್ಸ್‌ನೋರು ಇಬ್ರು ಕ್ಯೂಬನ್ನರನ್ನ ಸೇರಿಸ್ಕೊಂಡ್ರು, ಅರ್ಮಾಂಡೊ ಮಾರ್ಸಾನ್ಸ್ ಮತ್ತು ರಾಫೆಲ್ ಅಲ್ಮೇಡಾ. ಇಬ್ರೂ ಮೆಂಡೆಸ್ ಜೊತೆ ಅಲ್ಮೆಂದಾರೆಸ್‌ಗೆ ಆಡ್ದೋರೇ. ಇವರ ಮೈಯಲ್ಲಿ ಹರಿಯೋದು ಅಪ್ಪಟ ಯುರೋಪಿಯನ್ ರಕ್ತನೇ ಅಂತ ಖಾತ್ರಿ ಬೇರೆ ಮಾಡ್ಕೊಂಡ್ರು. ಅದೇ ಟೀಮಿಗೆ ಆಮೇಲೆ ಬಂದ ಬಿಳಿ ಮೈಬಣ್ಣದ ಕ್ಯೂಬನ್ ಪಿಚ್ಚರ್ ಅಡಾಲ್ಫೊ ಲೂಕೆ 1923ರಲ್ಲಿ 27 ಮ್ಯಾಚ್ ಗೆದ್ದು ದೊಡ್ಡ ಸ್ಟಾರ್ ಆದ. ಲೂಕೆ ಆಟದ ಬಗ್ಗೆ ನಂದು ಎರಡು ಮಾತಿಲ್ಲ, ಆದ್ರೆ ಮೆಂಡೆಸ್‌ಗೆ ಆ ಗೇಟ್ ತೆಗೀಲೇ ಇಲ್ವಲ್ಲ.

1914ರ ಹೊತ್ತಿಗೆ ತೋಳು ಕೈಕೊಡ್ತು. ಬೇರೆ ಯಾರಾದ್ರೂ ಆಗಿದ್ರೆ ಅಲ್ಲಿಗೆ ಮುಗೀತಿತ್ತು, ಇವನು ಪಿಚ್ಚಿಂಗ್ ಬದಲು ಶಾರ್ಟ್‌ಸ್ಟಾಪ್ ಅನ್ನೋ ಫೀಲ್ಡಿಂಗ್ ಜಾಗದಲ್ಲಿ ನಿಂತ, ಊರೂರು ತಿರುಗೋ 'ಆಲ್ ನೇಷನ್ಸ್' ಟೀಮಲ್ಲಿ ಆಡ್ದ, 1920ರಲ್ಲಿ ನೀಗ್ರೋ ಲೀಗ್‌ನ ಕಾನ್ಸಾಸ್ ಸಿಟಿ ಮೊನಾರ್ಕ್ಸ್ ಟೀಮ್ ಸೇರಿ ಆಟಗಾರನೂ ಮ್ಯಾನೇಜರೂ ಎರಡೂ ಆದ. ಟೀಮ್ 1923, 24, 25 ಮೂರು ವರ್ಷನೂ ಲೀಗ್ ಗೆಲ್ತು. 1924ರಲ್ಲಿ ಹಿಲ್‌ಡೇಲ್ ಟೀಮ್ ಜೊತೆ ಮೊಟ್ಟಮೊದಲ ನೀಗ್ರೋ ವರ್ಲ್ಡ್ ಸೀರೀಸ್, ಎರಡೂ ಕಡೆ ನಾಲ್ಕು ನಾಲ್ಕು ಗೆದ್ದು ಒಂದು ಟೈ ಆಗಿ ಹತ್ತನೇ ಮ್ಯಾಚಿಗೆ ಬಂದು ನಿಂತಿತ್ತು. ಯಾರನ್ನ ಪಿಚ್ ಮಾಡೋಕೆ ಕಳಿಸೋದು? ಮ್ಯಾನೇಜರ್ ಮೆಂಡೆಸ್ ತಾನೇ ಹೋದ. ಆಗ ವಯಸ್ಸು 37, ಮೈ ಸರಿಯಿಲ್ಲ, ಡಾಕ್ಟರ್ ಬೇಡ ಅಂದಿದ್ರು ಅಂತಾರೆ. ಏಳು ಇನ್ನಿಂಗ್ಸ್ ಮುಗಿದ್ರೂ 0-0. ಎಂಟನೇದ್ರಲ್ಲಿ ಮೊನಾರ್ಕ್ಸ್ ಐದು ರನ್ ಬಾರಿಸಿದ್ರು, ಮೆಂಡೆಸ್ ಕೊನೇವರೆಗೂ ಒಂದೂ ಬಿಟ್ಕೊಡ್ದೆ 5-0 ಅಂತ ಮುಗಿಸ್ದ. ಬೇಸ್‌ಬಾಲ್‌ನಲ್ಲಿ ಮ್ಯಾನೇಜರ್ ಒಬ್ಬ ತಗೊಂಡ ಇದಕ್ಕಿಂತ ಗಟ್ಟಿ ನಿರ್ಧಾರ ನಂಗಂತೂ ಗೊತ್ತಿಲ್ಲ.

1928ರಲ್ಲಿ ಹವಾನಾದಲ್ಲಿ ತೀರ್ಕೊಂಡ, 41 ವರ್ಷಕ್ಕೆ. ಅವನು ಮ್ಯಾನೇಜರ್ ಆಗಿದ್ದ ಮೊನಾರ್ಕ್ಸ್‌ನಿಂದಲೇ ಕಪ್ಪು ಆಟಗಾರ ಜಾಕಿ ರಾಬಿನ್ಸನ್ ಬಂದು 1947ರಲ್ಲಿ ಮೇಜರ್ ಲೀಗ್‌ನ ಬಣ್ಣದ ಗೋಡೆ ಒಡೆದ. ಮೆಂಡೆಸ್‌ನ ಅಮೆರಿಕದ ಬೇಸ್‌ಬಾಲ್ ಹಾಲ್ ಆಫ್ ಫೇಮ್‌ಗೆ ಸೇರ್ಸಿದ್ದು 2006ರಲ್ಲಿ.

ಹವಾನಾದ್ದು ಬರೀ ಎಗ್ಸಿಬಿಷನ್ ಮ್ಯಾಚು, ಅವು ಯಾರಿಗೂ ಲೆಕ್ಕಕ್ಕಿಲ್ಲ ಅಂತ ವಾದ ಮಾಡೋರಿದ್ದಾರೆ. ಸರಿ, ನಿಯಮ ಅಂದ್ರೆ ನಿಯಮ. ಆದ್ರೆ ಆವತ್ತು ಆಡಿದ ರೆಡ್ಸ್ ಆಟಗಾರರು ವಾಪಸ್ ಹೋಗಿ ಲೆಕ್ಕಕ್ಕೆ ಬರೋ ಮ್ಯಾಚ್ ಆಡೋಕೆ ಯಾರೂ ಅಡ್ಡ ಬರ್ಲಿಲ್ಲ, ಅವರನ್ನ ಸೊನ್ನೆಗೆ ಕಟ್ಟಿಹಾಕಿದವನಿಗೆ ಮಾತ್ರ ಬಂದ್ರು. ಅದಕ್ಕೇ ಆ ದಾಖಲೆಲಿ ಮೆಂಡೆಸ್ ಹೆಸರಿನ ಪಕ್ಕದಲ್ಲೇ, ಅಡಿಟಿಪ್ಪಣಿ ಆಗಿಯಾದ್ರೂ ಸರಿ, ಆ 25 ಇನ್ನಿಂಗ್ಸ್ ಬರೀಬೇಕು ಅಂತೀನಿ.