ಖಾಲಿ ಡಬ್ಬಿ

ಪಕ್ಕದ ಮನೆಯವರು ಯಾಕೆ ಮಾತು ಬಿಟ್ಟರು ಅಂತ ಇವತ್ತಿಗೂ ಗೊತ್ತಿಲ್ಲ ಎಂದು ಬರೆದಿದ್ದೀರಿ. ಓದಿ ನಮ್ಮ ಅಮ್ಮ ನೆನಪಾದರು. ಮೈಸೂರಿನಲ್ಲಿ ಒಂದು ಸಂಕ್ರಾಂತಿಗೆ ಎದುರು ಮನೆ ಆಂಟಿ ಎಳ್ಳು ಬೀರಲು ಬರಲಿಲ್ಲ. ಪ್ರತಿ ವರ್ಷ ಮೊದಲು ಬರುತ್ತಿದ್ದವರೇ ಅವರು. ಅಮ್ಮ ಏನೂ ಕೇಳಲಿಲ್ಲ, ಸುಮ್ನೆ ಒಳಗೊಳಗೇ ನೊಂದುಕೊಂಡರು. ಆಮೇಲೆ ತಿಳಿಯಿತು, ಅವರ ಸ್ಟೀಲ್ ಡಬ್ಬಿ ತಿಂಗಳುಗಟ್ಟಲೆ ನಮ್ಮಲ್ಲೇ ಉಳಿದಿತ್ತು. ಪಾತ್ರೆ ಖಾಲಿ ವಾಪಸ್ ಕೊಡಬಾರದು ಅಲ್ವಾ, ಏನಾದರೂ ಒಳ್ಳೆಯದು ಮಾಡಿ ತುಂಬಿ ಕೊಡೋಣ ಅಂತ ಅಮ್ಮ ಕಾಯುತ್ತಿದ್ದರು. ತಾವು ಕೊಟ್ಟಿದ್ದು ಹಿಡಿಸಲಿಲ್ಲವೇನೋ ಎಂದು ಆಂಟಿ ಅಂದುಕೊಂಡಿದ್ದರು. ಹೀಗೇ ಎರಡು ವರ್ಷ ಮಾತಿಲ್ಲ! ಕೊನೆಗೆ ನಾನೇ ಚಕ್ಕುಲಿ ತುಂಬಿಕೊಂಡು ಹೋದೆ. ಬಾಗಿಲು ತೆಗೆದವರು ಡಬ್ಬಿ ನೋಡಲೇ ಇಲ್ಲ. "ಅಮ್ಮ ಹೇಗಿದ್ದಾರೆ?" ಅಂದರು. ನೀವೂ ಒಮ್ಮೆ ಹೋಗಿ ಕೇಳಿ, ಪ್ಲೀಸ್.