ಹುಬ್ಬು ಹೋದ ಕಾರು

ಹಗಲಲ್ಲಿ ಗಾಡಿಯ ಲೈಟು ಉರಿಯುತ್ತಿದ್ದರೆ ಅದನ್ನು ಹೇಳುವವರಿಗೆ ಬೆಂಗಳೂರಿನಲ್ಲಿ ಯಾವತ್ತೂ ಬರವಿಲ್ಲ. ಎದುರಿಗೆ ಬರುವ ಆಟೋದವರು ಹ್ಯಾಂಡಲ್ ಬಿಟ್ಟು ಐದೂ ಬೆರಳು ಮುಚ್ಚಿ ಬಿಚ್ಚಿ ತೋರಿಸುತ್ತಾರೆ. ಸಿಗ್ನಲ್ಲಿನಲ್ಲಿ ಪಕ್ಕಕ್ಕೆ ಬಂದು ನಿಂತ ಸ್ಕೂಟರಿನ ಹಿಂದಿನ ಸೀಟಿನಿಂದ ಯಾರೋ ಅಜ್ಜಿ "ಲೈಟು, ಲೈಟು" ಎಂದು ಕೂಗುತ್ತಾರೆ. 2017ರ ಏಪ್ರಿಲ್ 1ರಿಂದ ಹೊಸ ದ್ವಿಚಕ್ರ ವಾಹನಗಳಿಗೆ ಎಂಜಿನ್ ಶುರುವಾದೊಡನೆ ತಾನಾಗಿ ಹೊತ್ತಿಕೊಳ್ಳುವ ಲೈಟು ಕಡ್ಡಾಯವಾಯಿತು. ಆರಿಸೋಣವೆಂದರೆ ಸ್ವಿಚ್ಚೇ ಇಲ್ಲ. ಆದರೂ ಈ ಸಮಾಜಸೇವೆ ಇವತ್ತಿಗೂ ನಿಂತಿಲ್ಲ. ಸನ್ನೆ ಮಾಡುವವರ ಗಾಡಿಯದೂ ಉರಿಯುತ್ತಲೇ ಇರುತ್ತದೆ ಅನ್ನುವುದು ಬೇರೆ ಮಾತು.

ಅದೇ, ಹಗಲಲ್ಲಿ ಉರಿಯಬೇಕಾದ ದೀಪ ಉರಿಯದೆ ಹೋದರೆ ಒಂದು ನರಪಿಳ್ಳೆಯೂ ತುಟಿ ಬಿಚ್ಚುವುದಿಲ್ಲ. ನಮ್ಮ ಕಾರಿನ ಡಿಆರ್‌ಎಲ್, ಅಂದರೆ ಹಗಲಲ್ಲಿ ಹೆಡ್‌ಲೈಟಿನ ಜಾಗದಲ್ಲಿ ತಾನಾಗಿ ಉರಿಯುವ ಬಿಳಿ ಗೆರೆಯಂಥ ದೀಪ (ಡೇಟೈಮ್ ರನ್ನಿಂಗ್ ಲೈಟು), ಯಾವಾಗ ಹೋಯಿತೋ ಆ ದೇವರಿಗೇ ಗೊತ್ತು. ಒಳಗೆ ಕೂತು ಓಡಿಸುವವನಿಗೆ ಅದು ಕಾಣುವುದೇ ಇಲ್ಲ. ದುಡ್ಡು ಕೊಟ್ಟವನೊಬ್ಬನನ್ನು ಬಿಟ್ಟು ಊರಿಗೆಲ್ಲ ಕಾಣುವ ಅಲಂಕಾರ ಅದು. ಕೊನೆಗೆ ಸುದ್ದಿ ಮುಟ್ಟಿಸಿದ್ದು ಎರಡನೇ ಮಹಡಿಯ ಯುಕೆಜಿ ಹುಡುಗ. ಶಾಲೆಯ ವ್ಯಾನಿಗೆ ಕಾಯುತ್ತಾ ನಿಂತವನು ನನ್ನ ಕಾರನ್ನೇ ದಿಟ್ಟಿಸಿ ನೋಡಿ, "ಅಂಕಲ್, ನಿಮ್ ಕಾರಿಂದು ಹುಬ್ಬು ಎಲ್ಲಿ ಹೋಯ್ತು?" ಅಂದ. ಅವನಮ್ಮ "ಶ್, ಹಾಗೆಲ್ಲ ಕೇಳಬಾರದು" ಎಂದು ಗದರಿಸಿದರು. ಮನೆಯಲ್ಲಿ ಯಾರಿಗೋ ಹುಷಾರಿಲ್ಲ ಎಂದು ತಿಳಿದುಕೊಂಡವರ ದನಿಯಲ್ಲಿ.

ಈ ಹಗಲುದೀಪದ ಚಾಳಿ ಶುರುವಾದದ್ದು ಉತ್ತರ ಯುರೋಪಿನ ಚಳಿದೇಶಗಳಲ್ಲಿ. ಸ್ವೀಡನ್ನಿನವರು 1977ರಲ್ಲೇ ಹಗಲಲ್ಲೂ ಲೈಟು ಹಾಕಿಕೊಂಡೇ ಓಡಿಸಬೇಕೆಂದು ಕಾನೂನು ಮಾಡಿದರು. ಅಲ್ಲಿಯ ಚಳಿಗಾಲದಲ್ಲಿ ಮಧ್ಯಾಹ್ನ ಊಟ ಮುಗಿಸಿ ಕೈ ತೊಳೆಯುವಷ್ಟರಲ್ಲಿ ಕತ್ತಲಾಗುತ್ತದೆ, ಅವರಿಗೆ ಅದು ಬೇಕು. 2011ರ ಫೆಬ್ರವರಿಯಿಂದ ಯುರೋಪ್ ಒಕ್ಕೂಟ ಹೊಸ ಮಾದರಿಯ ಕಾರುಗಳಿಗೆಲ್ಲ ಇದನ್ನು ಕಡ್ಡಾಯ ಮಾಡಿತು. ನಮ್ಮ ನೆತ್ತಿ ಸುಡುವ ಬಿಸಿಲಿಗೆ ಇದೇಕೆ ಎಂದು ನಾನೂ ಕೇಳಿದವನೇ. ಆದರೆ ಸಾಲುಮರದ ನೆರಳಿನಿಂದ, ಫ್ಲೈಓವರಿನ ಅಡಿಯಿಂದ ಸಟಕ್ಕನೆ ಹೊರಬರುವ ಬೂದು ಬಣ್ಣದ ಕಾರು ಎದುರಿನವರ ಕಣ್ಣಿಗೆ ಬೀಳುವುದು ಈ ಎರಡು ಬಿಳಿ ಗೆರೆಗಳಿಂದಲೇ. ನನ್ನ ಕಾರೂ ಬೂದು ಬಣ್ಣದ್ದು. ರಿಪೇರಿಗೆ ಇದಕ್ಕಿಂತ ಘನವಾದ ಕಾರಣ ಬೇಕಿರಲಿಲ್ಲ. ಹುಬ್ಬಿಲ್ಲದ ಕಾರನ್ನು ಆಫೀಸಿನ ಪಾರ್ಕಿಂಗಿನಲ್ಲಿ ನಿಲ್ಲಿಸಲು ನಾಚಿಕೆಯಾಗುತ್ತಿತ್ತು ಅನ್ನುವುದನ್ನು ಮನೆಯಲ್ಲಿ ಹೇಳಲಿಲ್ಲ.

ಮೊದಲು ಸರ್ವೀಸ್ ಸೆಂಟರಿಗೆ ಫೋನು ಮಾಡಿದೆ. ಕಾರನ್ನು ಕಣ್ಣಿಂದ ನೋಡದೆಯೇ ರೋಗ ಹೇಳಿಬಿಟ್ಟರು. "ಎಲ್‌ಇಡಿ ಅಲ್ವಾ ಸರ್, ಬಲ್ಬ್ ಸಪರೇಟ್ ಬರಲ್ಲ. ಹೆಡ್‌ಲ್ಯಾಂಪ್ ಅಸೆಂಬ್ಲಿಯೇ ಬದಲಾಯಿಸಬೇಕು. ಎರಡೂ ಸೈಡು." ಆಮೇಲೆ ಹೇಳಿದ ಮೊತ್ತ ಕೇಳಿ ನಾನು ಫೋನನ್ನು ಒಂದು ಕಿವಿಯಿಂದ ಇನ್ನೊಂದು ಕಿವಿಗೆ ಬದಲಾಯಿಸಿದೆ. ಆ ಕಿವಿಗೂ ಅಷ್ಟೇ ಕೇಳಿಸಿತು.

ಪಕ್ಕದಲ್ಲೇ ಕೂತು ಪೇಪರು ಓದುತ್ತಿದ್ದ ಮಾವನವರು ಕನ್ನಡಕ ಮೇಲೇರಿಸಿದರು. ಚನ್ನರಾಯಪಟ್ಟಣದ ಕಡೆಯವರು, ರಿಟೈರಾದ ಹೆಡ್‌ಮಾಸ್ಟರು. "ಎರಡೂ ಕಡೆ ಒಂದೇ ಸಲಕ್ಕೆ ಹೋಯ್ತು ಅಂದ್ರೆ ದೀಪದ್ದಲ್ಲ ಅಳಿಯಂದ್ರೇ, ಫ್ಯೂಸು" ಎಂದರು. ಆ ದಿನಗಳಲ್ಲಿ ಅವರ ಮಾತಿನಲ್ಲಿ ಸ್ವಲ್ಪ ಖಾರ ಹೆಚ್ಚಾಗಿತ್ತು. ಮಗಳು ಅವರ ಎಲೆ ಅಡಿಕೆಯ ಸಂಚಿಯಿಂದ ಹೊಗೆಸೊಪ್ಪನ್ನು ಹೊರಹಾಕಿದ್ದಳು. ಬರೀ ಎಲೆ, ಅಡಿಕೆ, ಸುಣ್ಣ ಜಗಿಯುವ ಬದುಕಿಗೆ ಅವರು ಇನ್ನೂ ಒಗ್ಗಿರಲಿಲ್ಲ. ಆದರೂ ಅವರು ಹೇಳಿದ್ದರಲ್ಲಿ ಹುರುಳಿತ್ತು. ಎಡಗಡೆಯದೂ ಬಲಗಡೆಯದೂ ಮಾತಾಡಿಕೊಂಡು ಸಾಯುವುದಿಲ್ಲವಲ್ಲ.

ಭಾನುವಾರ ಬೆಳಿಗ್ಗೆ ಬೇಸ್‌ಮೆಂಟಿಗೆ ಇಳಿದೆವು. ಅಪಾರ್ಟ್‌ಮೆಂಟಿನಲ್ಲಿ ಬಾನೆಟ್ ಎತ್ತಿದ ಕಾರಿನ ಸುತ್ತ ಜನ ಸೇರಲು ಯಾರೂ ಡಂಗುರ ಹೊಡೆಸಬೇಕಿಲ್ಲ. ಕೆಲವು ಕಾರುಗಳಲ್ಲಿ ಹ್ಯಾಂಡ್‌ಬ್ರೇಕ್ ಎಳೆದಿದ್ದರೆ ಡಿಆರ್‌ಎಲ್ ಉರಿಯುವುದಿಲ್ಲ, ಬಹುಪಾಲು ಕಾರುಗಳಲ್ಲಿ ಹೆಡ್‌ಲೈಟ್ ಹಾಕಿದರೆ ಅದು ಆರುತ್ತದೆ ಅಥವಾ ಮಂಕಾಗುತ್ತದೆ. ಇದನ್ನೆಲ್ಲ ಮೊದಲು ನೋಡಬೇಕೆಂದು ಮೂರನೇ ಮಹಡಿಯ ಸಾಫ್ಟ್‌ವೇರ್ ಎಂಜಿನಿಯರ್ ಅಪ್ಪಣೆ ಕೊಡಿಸಿದರು. ನಾನು ಒಳಗೆ ಕೂತು ಹ್ಯಾಂಡ್‌ಬ್ರೇಕ್ ಇಳಿಸುವುದು, ಸ್ವಿಚ್ ತಿರುಗಿಸುವುದು, ಅವರು ಮುಂದೆ ನಿಂತು ವರದಿ ಮಾಡುವುದು. "ಬಂತು! ಬಂತು... ಹೋಯ್ತು. ಬಂತು... ಹೋಯ್ತು." ಅದು ಇಂಡಿಕೇಟರು.

ಇನ್ನು ಫ್ಯೂಸು ಎಲ್ಲಿದೆ ಎಂದು ತಿಳಿಯಲು ಓನರ್ಸ್ ಮ್ಯಾನ್ಯುಯಲ್ ಬೇಕು. ಗ್ಲೋವ್ ಬಾಕ್ಸಿನಿಂದ ಅವಧಿ ಮುಗಿದ ಹೊಗೆ ತಪಾಸಣೆ ಚೀಟಿಗಳು, ಟೋಲ್ ರಸೀದಿಗಳು, ಧರ್ಮಸ್ಥಳದ ಕುಂಕುಮದ ಪೊಟ್ಟಣ, ಯಾವುದೋ ಮದುವೆಯ ತಾಂಬೂಲದ ಚೀಲ ಎಲ್ಲ ಬಂದ ಮೇಲೆ ತಳದಲ್ಲಿ ಪ್ಲಾಸ್ಟಿಕ್ ಕವರು ಕೂಡ ಹರಿಯದ ಮ್ಯಾನ್ಯುಯಲ್ ಸಿಕ್ಕಿತು. ಅದರ ಪ್ರಕಾರ ಫ್ಯೂಸ್ ಬಾಕ್ಸು ಎರಡು. ಒಂದು ಎಂಜಿನ್ ಪಕ್ಕದಲ್ಲಿ, ಬ್ಯಾಟರಿಯ ಹತ್ತಿರ. ಇನ್ನೊಂದು ಡ್ರೈವರ್ ಮೊಣಕಾಲಿನ ಹತ್ತಿರ, ಡ್ಯಾಶ್‌ಬೋರ್ಡಿನ ಅಡಿಗೆ. ನಮಗೆ ಬೇಕಾದದ್ದು ಎರಡನೆಯದರಲ್ಲಿ. ನಮಗೆ ಬೇಕಾದದ್ದು ಇನ್ನೆಲ್ಲಿರುತ್ತದೆ?

ಆ ಜಾಗವನ್ನು ಕಣ್ಣಿಂದ ನೋಡುವ ಭಂಗಿಯನ್ನು ಯಾವ ಯೋಗ ಶಿಬಿರದಲ್ಲೂ ಹೇಳಿಕೊಡುವುದಿಲ್ಲ. ಬೆನ್ನು ಬಾಗಿಲ ಹೊಸ್ತಿಲ ಮೇಲೆ, ತಲೆ ಕ್ಲಚ್ ಪೆಡಲ್ ಪಕ್ಕ, ಕಾಲು ಹೊರಗೆ ಸಿಮೆಂಟಿನ ಮೇಲೆ, ಬಾಯಲ್ಲಿ ಟಾರ್ಚು. ಹಾಲು ತರಲು ಹೊರಟಿದ್ದ ಅಸೋಸಿಯೇಷನ್ ಖಜಾಂಚಿ ನನ್ನ ಎರಡು ಕಾಲುಗಳನ್ನು ಮಾತ್ರ ಕಂಡು, "ಬಿದ್ರಾ? ಯಾರಾದ್ರೂ ನೀರು ತನ್ನಿ" ಎಂದು ಕೂಗಿದರು. ಟಾರ್ಚು ಕಚ್ಚಿಕೊಂಡಿದ್ದ ನಾನು ಕೊಟ್ಟ ಉತ್ತರ ಅವರ ಅನುಮಾನವನ್ನು ಗಟ್ಟಿ ಮಾಡಿತು. ನೀರು ಬಂತು.

ಒಳಗಿನ ನೋಟ ಮಾತ್ರ ಸೊಗಸಾಗಿತ್ತು. ಈ ಚಪ್ಪಟೆ ಫ್ಯೂಸುಗಳಿಗೆ ಆಂಪ್ ಲೆಕ್ಕದಲ್ಲಿ ಬಣ್ಣವಿದೆ. 7.5 ಆಂಪ್ ಕಂದು, 10 ಕೆಂಪು, 15 ನೀಲಿ, 20 ಹಳದಿ, 30 ಹಸಿರು. ಒಂದು ಹಳದಿಯ ಕೆಳಗೆ ಒಂದು ಕೆಂಪು ಕೂತಿದ್ದ ಕಡೆ ಮಾವನವರಿಗೆ ತೋರಿಸಿ, "ನೋಡಿ, ಇಲ್ಲೂ ರಾಜ್ಯೋತ್ಸವ" ಅಂದೆ. ಆ ಕೆಂಪೇ ನಮ್ಮ ಡಿಆರ್‌ಎಲ್‌ನದು.

ಅದನ್ನು ಕೀಳಲು ಫ್ಯೂಸ್ ಬಾಕ್ಸಿನ ಮುಚ್ಚಳದಲ್ಲಿ ಪುಟ್ಟ ಪ್ಲಾಸ್ಟಿಕ್ ಚಿಮಟ ಇರುತ್ತದೆ ಎಂದು ಮ್ಯಾನ್ಯುಯಲ್ ಹೇಳುತ್ತದೆ. ಅದು ಕೂರುವ ಜಾಗ ಇತ್ತು, ಚಿಮಟ ಇರಲಿಲ್ಲ. ಮನೆಗೆ ಫೋನು ಮಾಡಿ ಹೆಂಡತಿಯ ಹುಬ್ಬಿನ ಚಿಮಟ ಕೇಳಿದೆ. "ಅದಿರೋದು ಹುಬ್ಬು ಕೀಳೋಕೆ, ಹಚ್ಚೋಕಲ್ಲ" ಎಂದಳು. ಸಾಫ್ಟ್‌ವೇರ್ ಎಂಜಿನಿಯರರೂ ಬೇಡವೆಂದರು. ಕೀ ತೆಗೆದಿದ್ದರೂ ಕೆಲವು ಫ್ಯೂಸುಗಳಿಗೆ ಬ್ಯಾಟರಿಯಿಂದ ನೇರ ಕರೆಂಟು ಬರುತ್ತಿರುತ್ತದೆ, ಲೋಹದ ಚಿಮಟ ಪಕ್ಕದ್ದಕ್ಕೆ ತಾಗಿದರೆ ಒಂದು ಫ್ಯೂಸಿನ ಕತೆ ಎರಡಾಗುತ್ತದೆ. ಅವರು ಮಲ್ಟಿಮೀಟರನ್ನೂ ತಂದಿದ್ದರು. ಫ್ಯೂಸಿನ ನೆತ್ತಿಯ ಮೇಲೆ ಎರಡು ಸಣ್ಣ ಲೋಹದ ಚುಕ್ಕೆಗಳಿವೆ. ಎಂಜಿನ್ ಶುರು ಮಾಡಿ ಎರಡರಲ್ಲೂ 12 ವೋಲ್ಟ್ ಅಥವಾ ಸ್ವಲ್ಪ ಹೆಚ್ಚು ತೋರಿಸಿದರೆ ಫ್ಯೂಸು ಬದುಕಿದೆ, ಒಂದರಲ್ಲಿ ಮಾತ್ರ ತೋರಿಸಿದರೆ ಸತ್ತಿದೆ. ನಮ್ಮದರಲ್ಲಿ ಒಂದರಲ್ಲಿ ಮಾತ್ರ ತೋರಿಸಿತು. ಕೊನೆಗೆ ಎಂಜಿನ್ ಬಾಕ್ಸಿನ ಮುಚ್ಚಳದೊಳಗೆ ಚಿಮಟ ಸಿಕ್ಕಿ, ಕೀ ತೆಗೆದು, ಕೆಂಪು ಫ್ಯೂಸನ್ನು ಎಳೆದು ಬೆಳಕಿಗೆ ಹಿಡಿದರೆ ಒಳಗಿನ ತಂತಿಸೇತುವೆ ನಡುವೆಯೇ ಕರಗಿ ಕಪ್ಪಾಗಿತ್ತು. ಸುತ್ತ ನಿಂತವರೆಲ್ಲ ಒಬ್ಬೊಬ್ಬರಾಗಿ ಇಸಿದುಕೊಂಡು ನೋಡಿದರು.

ಆಮೇಲೆ ಶುರುವಾಯಿತು ಸಲಹೆಗಳ ಸುರಿಮಳೆ. ಮಾವನವರು ಹಳೆಯ ಚಾರ್ಜರಿನ ವೈರೊಂದನ್ನು ಸುಲಿದು ತಾಮ್ರದ ಎಳೆ ತೆಗೆದೇಬಿಟ್ಟರು. ಊರಿನಲ್ಲಿ ಪಿಂಗಾಣಿ ಫ್ಯೂಸಿಗೆ ತಂತಿ ಕಟ್ಟುವುದರಲ್ಲಿ ಅವರದು ಎತ್ತಿದ ಕೈ. ಪಂಪ್‌ಸೆಟ್ಟಿನಿಂದ ಹಿಡಿದು ಗಣಪತಿ ಪೆಂಡಾಲಿನವರೆಗೆ ಅವರು ಕಟ್ಟದ ಫ್ಯೂಸಿಲ್ಲ. "ಎರಡೆಳೆ ಸುತ್ತಿದ್ರೆ ಜನ್ಮಕ್ಕೆ ಹೋಗಲ್ಲ" ಎಂದರು. ತೊಂದರೆ ಇರುವುದೇ ಅಲ್ಲಿ. ಫ್ಯೂಸು ಹೋಗಲಿ ಎಂದೇ ಇಟ್ಟಿರುವುದು. ಅದು ಹೋಗದಿದ್ದರೆ ಅದರ ಬದಲು ವೈರು ಹೋಗುತ್ತದೆ, ವೈರಿನ ಜೊತೆ ಕಾರ್ಪೆಟ್ಟು ಹೋಗುತ್ತದೆ, ಕಾರ್ಪೆಟ್ಟಿನ ಜೊತೆ ಇಎಂಐ ಇನ್ನೂ ಮುಗಿಯದ ಕಾರೂ ಹೋಗುತ್ತದೆ. ಖಜಾಂಚಿಯವರದು ಇನ್ನೊಂದು ದಾರಿ. "ಹತ್ತು ಯಾಕೆ, ಇಪ್ಪತ್ತರದ್ದೇ ಹಾಕಿ. ಸ್ಟ್ರಾಂಗಾಗಿರತ್ತೆ." ಅಸೋಸಿಯೇಷನ್ನಿನ ದುಡ್ಡು ಎಣಿಸುವವರಿಗೆ ದೊಡ್ಡ ಸಂಖ್ಯೆಯ ಮೇಲೆ ಪ್ರೀತಿ ಸಹಜ. ಆದರೆ ಆ ವೈರಿನ ದಪ್ಪಕ್ಕೆ ತಕ್ಕಂತೆ ಹತ್ತು ಎಂದು ಯಾರೋ ಲೆಕ್ಕ ಹಾಕಿ ಇಟ್ಟಿದ್ದಾರೆ, ಇಪ್ಪತ್ತು ಹಾಕುವುದೂ ತಾಮ್ರದ ಎಳೆ ಸುತ್ತುವುದೂ ಒಂದೇ ವಂಶದ ಉಪಾಯಗಳು.

ಹತ್ತಿರದ ಅಂಗಡಿಯಲ್ಲಿ ಸಿಕ್ಕ ಹತ್ತು ಆಂಪಿನ ಫ್ಯೂಸು ಬಣ್ಣದಲ್ಲಿ ಸರಿ, ಗಾತ್ರದಲ್ಲಿ ಅಲ್ಲ. ಮರುದಿನ ಜೆ.ಸಿ. ರಸ್ತೆಗೆ ಹೋದೆ. ಕಾರಿಗೆ ಸಂಬಂಧಪಟ್ಟದ್ದು ಏನೇ ಬೇಕಾದರೂ ಅಲ್ಲಿ ಸಿಗುತ್ತದೆ, ಕಾರು ನಿಲ್ಲಿಸುವ ಜಾಗವೊಂದನ್ನು ಬಿಟ್ಟು. "ಸ್ಟ್ಯಾಂಡರ್ಡಾ, ಮಿನಿನಾ, ಲೋ ಪ್ರೊಫೈಲಾ?" ಎಂದರು ಅಂಗಡಿಯವರು. ನಾನು ಮಾತಾಡದೆ ಜೇಬಿನಿಂದ ಹೆಣ ತೆಗೆದು ಮುಂದಿಟ್ಟೆ. ಅವರು ಅದನ್ನು ತಿರುವಿ ಕೂಡ ನೋಡದೆ ಡಬ್ಬಿಯೊಳಗೆ ಕೈಹಾಕಿ ಅದರ ತದ್ರೂಪು ತೆಗೆದರು. ಬೆಲೆ ಒಂದು ಫಿಲ್ಟರ್ ಕಾಫಿಗಿಂತ ಕಡಿಮೆ. ಪಾರ್ಕಿಂಗಿಗೆ ಕೊಟ್ಟದ್ದು ಅದಕ್ಕಿಂತ ಹೆಚ್ಚು. ಅಲ್ಲೇ ಹಾಕಿ ನೋಡಿದೆ. ಎರಡೂ ಹುಬ್ಬು ಝಗ್ಗನೆ ಬಂದವು. ಅಂಗಡಿಯ ಗಾಜಿನ ಬಾಗಿಲಿನಲ್ಲಿ ನನ್ನ ಕಾರಿನ ಮುಖವನ್ನು ನೋಡುತ್ತಾ ಒಂದು ನಿಮಿಷ ಹೆಚ್ಚೇ ನಿಂತೆ. ಅಂಗಡಿಯವರು "ಇನ್ನೇನಾದ್ರೂ ಬೇಕಾ ಸಾರ್?" ಎಂದರು.

ವಾಪಸು ಬರುವಾಗ ಸಿಗ್ನಲ್ಲುಗಳಲ್ಲಿ ಮುಂದಿನ ಕಾರಿನ ಬೆನ್ನಿನ ಹೊಳಪಿನಲ್ಲಿ ನನ್ನ ದೀಪಗಳನ್ನೇ ನೋಡಿಕೊಳ್ಳುತ್ತಾ ಬಂದೆ. ಲಾಲ್‌ಬಾಗ್ ಪಶ್ಚಿಮ ದ್ವಾರದ ಹತ್ತಿರ ಒಂದು ಗುಂಡಿ. ದಡಕ್ ಎಂದಿತು. ಮುಂದಿನ ಸಿಗ್ನಲ್ಲಿನಲ್ಲಿ ಮುಂದೆ ಬಿಳಿ ಕಾರು ನಿಂತಿತ್ತು, ಅದರ ಬೆನ್ನಿನಲ್ಲಿ ಏನೂ ಇರಲಿಲ್ಲ.

ಹಾಕಿದ ಫ್ಯೂಸು ಮತ್ತೆ ಹೋಯಿತೆಂದರೆ ತಪ್ಪು ಫ್ಯೂಸಿನದಲ್ಲ. ಎರಡೂ ಎಲ್‌ಇಡಿ ಪಟ್ಟಿ ಸೇರಿ ಎಳೆಯುವ ಕರೆಂಟು ಬಲು ಕಡಿಮೆ, ಹತ್ತು ಆಂಪನ್ನು ಸುಡುವ ತಾಕತ್ತು ಅವಕ್ಕಿಲ್ಲ. ಎಲ್ಲೋ ವೈರು ಬೆತ್ತಲಾಗಿ ಕಾರಿನ ಲೋಹದ ಮೈಗೆ ತಾಗುತ್ತಿದೆ. ಇದನ್ನು ಹೇಳಿದವರು ನಮ್ಮ ಬೀದಿಯ ಮೂಲೆಯ ಆಟೋ ಎಲೆಕ್ಟ್ರಿಷಿಯನ್. ಮರದ ಕೆಳಗೆ ಒಂದು ಸ್ಟೂಲು, ಒಂದು ಟೂಲ್ ಬಾಕ್ಸು, ಇಷ್ಟೇ ಅವರ ವರ್ಕ್‌ಶಾಪು. ಅವರು ಮಾಡಿದ ಕೆಲಸ ಕಣ್ಣಿಗೆ ಕಟ್ಟಿದ ಹಾಗಿದೆ. ಹಳೆಯ ಇಂಡಿಕೇಟರ್ ಬಲ್ಬೊಂದಕ್ಕೆ ಎರಡು ವೈರು ಬೆಸೆದುಕೊಂಡಿದ್ದರು. ಫ್ಯೂಸು ಕೂರುವ ಜಾಗದಲ್ಲಿ ಫ್ಯೂಸಿನ ಬದಲು ಆ ಬಲ್ಬಿನ ವೈರುಗಳನ್ನು ಸಿಕ್ಕಿಸಿದರು. ಬಲ್ಬು ಧಗ್ಗನೆ ಪೂರ್ತಿ ಉರಿಯಿತು. "ಇದು ಹಿಂಗೆ ಉರೀತಿದೆ ಅಂದ್ರೆ ಶಾರ್ಟ್ ಇದೆ ಸಾರ್. ಶಾರ್ಟ್ ಬಿಟ್ಟ ತಕ್ಷಣ ಮಂಕಾಗತ್ತೆ. ನೀವು ಇದನ್ನೇ ನೋಡ್ತಿರಿ" ಎಂದು ನನ್ನನ್ನು ಕಾವಲಿಗೆ ಕೂರಿಸಿ, ತಾವು ಬಾನೆಟ್ಟಿನೊಳಗೆ ವೈರಿನ ಕಟ್ಟನ್ನು ಗೇಣುಗೇಣಿಗೂ ಅಲುಗಾಡಿಸುತ್ತಾ ಹೋದರು. ಎಡಗಡೆಯ ಹೆಡ್‌ಲ್ಯಾಂಪಿನ ಹಿಂದೆ ಕೈಯಿಟ್ಟಾಗ ಬಲ್ಬು ಮಂಕಾಯಿತು. "ಅಲ್ಲೇ! ಅಲ್ಲೇ!" ಎಂದು ನಾನು ಕಿರುಚಿದ್ದಕ್ಕೆ ಎದುರಿನ ದರ್ಶಿನಿಯಲ್ಲಿ ಇಡ್ಲಿ ತಿನ್ನುತ್ತಿದ್ದವರು ತಟ್ಟೆ ಹಿಡಿದುಕೊಂಡೇ ಈಚೆ ಬಂದರು.

ಟಾರ್ಚು ಹಾಕಿ ನೋಡಿದರೆ ಅಲ್ಲಿ ಒಂದು ಸಂಸಾರವೇ ನಡೆದಿತ್ತು. ತೆಂಗಿನ ನಾರು, ಕಡಲೆಕಾಯಿ ಸಿಪ್ಪೆ, ಬಾನೆಟ್ಟಿನ ಅಡಿಗೆ ಅಂಟಿಸಿದ್ದ ಸ್ಪಂಜಿನ ಚೂರುಗಳಿಂದ ಹಾಸಿಗೆ, ದೋಸೆ ಪಾರ್ಸೆಲ್ಲಿನ ಒಣ ಬಾಳೆಲೆ. ಪಕ್ಕದಲ್ಲೇ ನೀಟಾಗಿ ಸಿಪ್ಪೆ ಸುಲಿದ ವೈರು. "ಇಲಿ ಹಲ್ಲು ಬೆಳೀತಾನೇ ಇರತ್ತೆ ಸಾರ್, ಕಡೀದೆ ಇದ್ರೆ ಅದಕ್ಕೂ ಕಷ್ಟ" ಎಂದು ಎಲೆಕ್ಟ್ರಿಷಿಯನ್ ಅದರ ಪರವಾಗಿಯೇ ಮಾತಾಡಿದರು. ವೈರು ಕತ್ತರಿಸಿ, ಬೆಸುಗೆ ಹಾಕಿ, ಮೇಲೊಂದು ಪ್ಲಾಸ್ಟಿಕ್ ಕೊಳವೆ ತೊಡಿಸಿ, ಟೇಪು ಸುತ್ತಿ, ಹೊಸ ಕೆಂಪು ಫ್ಯೂಸು ಹಾಕಿದರು. ಕೇಳಿದ ದುಡ್ಡು ಎಷ್ಟು ಕಡಿಮೆಯಿತ್ತೆಂದರೆ ನಾನೇ ಚೌಕಾಶಿ ಮಾಡಿ ಹೆಚ್ಚು ಕೊಟ್ಟೆ.

ಇಲಿಯ ಸುದ್ದಿ ಅಪಾರ್ಟ್‌ಮೆಂಟಿನ ವಾಟ್ಸ್ಯಾಪ್ ಗುಂಪಿಗೆ ಬಿತ್ತು. ನುಸಿಗುಳಿಗೆ ಇಡಿ, ಅಂಟಿನ ಹಲಗೆ ಇಡಿ, ಬೆಕ್ಕು ಸಾಕಿ, ರಾತ್ರಿಯಿಡೀ ಬಾನೆಟ್ ತೆರೆದಿಡಿ ಎಂಬ ನಿರ್ಣಯಗಳ ನಡುವೆ ಯಾವತ್ತೂ ಗುಂಪಿನಲ್ಲಿ ಬಾಯಿ ಬಿಡದ ಮಾವನವರು ಕನ್ನಡದಲ್ಲಿ ಟೈಪು ಮಾಡಿ ಹಾಕಿದರು: "ಹೊಗೆಸೊಪ್ಪಿನ ಘಾಟಿಗೆ ಇಲಿ ಹತ್ತಿರ ಸುಳಿಯುವುದಿಲ್ಲ. ಅನುಭವದಿಂದ ಹೇಳುತ್ತಿದ್ದೇನೆ." ಹೆಬ್ಬೆರಳೆತ್ತಿದ ಚಿತ್ರಗಳ ಸಾಲೇ ಬಂತು. ನಾನು ಒಂದು ಕಟ್ಟು ತಂದೆ. ಹೆಡ್‌ಲ್ಯಾಂಪಿನ ಹಿಂದೆ ಎಂಜಿನ್ನಿನ ಬಿಸಿ ತಾಗದ ಜಾಗ ನೋಡಿ ಇಡುವ ಕೆಲಸವನ್ನು ಅವರೇ ವಹಿಸಿಕೊಂಡರು. ಇಟ್ಟದ್ದು ಜಾರದಂತೆ ದಿನಾ ಬೆಳಿಗ್ಗೆ ಬೇಸ್‌ಮೆಂಟಿಗೆ ಇಳಿದು ಬಾನೆಟ್ ತೆಗೆದು ನೋಡುವುದೂ ಅವರದೇ ಜವಾಬ್ದಾರಿ. ಈ ವಯಸ್ಸಿನಲ್ಲಿ ಎಷ್ಟು ಕಾಳಜಿ ಎಂದು ಖಜಾಂಚಿಯವರು ನನ್ನೆದುರೇ ಹೊಗಳಿದರು.

ತಪಾಸಣೆ ಮುಗಿಸಿ ಬರುವ ಮಾವನವರ ಮುಖದಲ್ಲಿ ಈಚೆಗೆ ಒಂದು ಕಳೆ ಬಂದಿದೆ, ಮಾತಿನ ಖಾರ ಇಳಿದಿದೆ. ಇಲಿಯೂ ಕಾಣಿಸಿಲ್ಲ. ಮೊನ್ನೆ ವೈಪರ್ ನೀರು ತುಂಬಲು ನಾನು ಬಾನೆಟ್ ಎತ್ತಿದೆ, ಹೊಗೆಸೊಪ್ಪು ಅರ್ಧಕ್ಕರ್ಧ ಇರಲಿಲ್ಲ. ಮೇಲೆ ಬಂದು ಕೇಳಿದೆ. ಮಾವನವರು ತುಂಬಿದ ಬಾಯಿಯನ್ನು ಬಾಲ್ಕನಿಗೆ ಹೋಗಿ ಖಾಲಿ ಮಾಡಿ ಬಂದು, ಒಳಗೆ ಮಗಳು ಮಿಕ್ಸಿ ಹಾಕಿರುವುದನ್ನು ಖಾತ್ರಿ ಮಾಡಿಕೊಂಡು ಹೇಳಿದರು:

"ಇಲಿ ಜಾಸ್ತಿಯಾಗಿವೆ ಅಳಿಯಂದ್ರೇ. ಒಂದು ಕಟ್ಟು ಸಾಲಲ್ಲ, ಬರ್ತಾ ಎರಡು ತಗೊಂಡು ಬನ್ನಿ."