ಬರೆಯದೆ ಓದುವ ಮೂರನೆಯವರು

‘ರಾಶೊಮಾನ್’, ‘ಇಕಿರು’, ‘ಸೆವೆನ್ ಸಮುರಾಯ್’ ಅಂದ ಕೂಡಲೇ ನಮ್ಮವರ ಬಾಯಲ್ಲಿ ಬರುವುದು ಜಪಾನಿನ ನಿರ್ದೇಶಕ ಅಕಿರಾ ಕುರೊಸಾವಾ ಹೆಸರು. ಈ ಮೂರರ ಚಿತ್ರಕಥೆಯಲ್ಲೂ ಬರಹಗಾರ ಶಿನೋಬು ಹಶಿಮೊತೊ ಕೈಯಿದೆ. 1918ರಲ್ಲಿ ಹುಟ್ಟಿ, ನೂರು ತುಂಬಿ 2018ರಲ್ಲಿ ತೀರಿಕೊಂಡ ಇವರ ಕೆಲಸದ ಪದ್ಧತಿಯನ್ನು ಕನ್ನಡ ಚಿತ್ರರಂಗದವರು ನೋಡಲೇಬೇಕು.

‘ಸೆವೆನ್ ಸಮುರಾಯ್’ಗೆ ಮೊದಲು ಬೇರೆಯೇ ಕಥೆ ಇತ್ತು: ಒಬ್ಬ ಸಮುರಾಯ್‌ನ ಒಂದು ದಿನ. ಆ ಕಾಲದ ಸಮುರಾಯ್‌ಗಳು ದಿನಕ್ಕೆ ಎರಡು ಹೊತ್ತು ಉಣ್ಣುತ್ತಿದ್ದರೋ ಮೂರು ಹೊತ್ತೋ, ಮಧ್ಯಾಹ್ನದ ಊಟ ಎಲ್ಲಿಂದ ಬರುತ್ತಿತ್ತು ಎಂಬುದು ಖಚಿತವಾಗಲಿಲ್ಲ. ಅಷ್ಟಕ್ಕೇ ಕಥೆ ಕೈಬಿಟ್ಟರು. ಆಮೇಲೆ ಹೊಸ ಕಥೆಗೆ ಹಶಿಮೊತೊ ಮೊದಲ ಕರಡು ಬರೆದರು. ಅದನ್ನಿಟ್ಟುಕೊಂಡು ಮೂವರು ಅತಾಮಿ ಎಂಬ ಊರಿನ ವಸತಿಗೃಹದಲ್ಲಿ ಕೂತರು. ಒಂದೇ ದೃಶ್ಯವನ್ನು ಕುರೊಸಾವಾ, ಹಶಿಮೊತೊ ಬೇರೆ ಬೇರೆಯಾಗಿ ಬರೆಯುವುದು; ಮೂರನೆಯವರಾದ ಚಿತ್ರಕಥೆಗಾರ ಹಿದೆಒ ಒಗುನಿ ಪೆನ್ನು ಮುಟ್ಟದೆ ಎರಡನ್ನೂ ಓದಿ ತೀರ್ಪು ಕೊಡುವುದು. ಸರಿಯಿಲ್ಲ ಅಂದರೆ ಇಬ್ಬರೂ ಮತ್ತೆ ಮೊದಲಿನಿಂದ!

ನಮ್ಮಲ್ಲಿ ಈ ಮೂರನೆಯ ಕುರ್ಚಿಯೇ ಇಲ್ಲ. ‘ಚಿತ್ರಕಥೆ’, ‘ಸಂಭಾಷಣೆ’ ಎಂದು ಟೈಟಲ್‌ನಲ್ಲಿ ಬೇರೆ ಬೇರೆ ಹೆಸರು ಹಾಕುತ್ತೇವೆ. ಜಪಾನಿನಲ್ಲಿ ಎರಡಕ್ಕೂ ‘ಕ್ಯಾಕುಹೊನ್’ ಎಂಬ ಒಂದೇ ಮಾತು. ‘ಕಿರಿಕ್ ಪಾರ್ಟಿ’ ತಂಡ ‘ಸೆವೆನ್ ಆಡ್ಸ್’ ಹೆಸರಲ್ಲಿ ಒಟ್ಟಾಗಿ ಬರೆದದ್ದು ಒಳ್ಳೆಯ ಬೆಳವಣಿಗೆ. ಆದರೆ ಬರೆಯುವವರು ಹೆಚ್ಚಾದರೆ ಸಾಲದು, ಬರೆಯದೆ ಓದಿ ‘ಬೇಡ’ ಅನ್ನುವವರಿಗೂ ಸಂಬಳ ಕೊಡಬೇಕು.

ಅಳತೆಯ ವಿಚಾರವೂ ಇದೆ. ಜಪಾನಿನ ಚಿತ್ರಕಥೆಗಾರರು 200 ಅಕ್ಷರದ ಚೌಕಳಿ ಹಾಳೆ ಬಳಸುತ್ತಿದ್ದರು. ಅದಕ್ಕೆ ‘ಪೆರಾ’ ಅಂತ ಹೆಸರು. ಒಂದು ಹಾಳೆಗೆ ಹೆಚ್ಚುಕಡಿಮೆ ಅರ್ಧ ನಿಮಿಷ, 240 ಹಾಳೆಗೆ ಎರಡು ಗಂಟೆ. ಸಿನಿಮಾ ಉದ್ದವಾಗುತ್ತಿದೆ ಎಂದು ಬರೆಯುವಾಗಲೇ ಗೊತ್ತಾಗುತ್ತದೆ. ನಮ್ಮಲ್ಲಿ ಅದು ಎಡಿಟಿಂಗ್ ಟೇಬಲ್ ಮೇಲೆ ಗೊತ್ತಾಗುವಷ್ಟರಲ್ಲಿ ಚಿತ್ರೀಕರಣದ ದುಡ್ಡು ಖರ್ಚಾಗಿರುತ್ತದೆ.

1982ರಲ್ಲಿ ಹಶಿಮೊತೊ ತಮ್ಮದೇ ಸಂಸ್ಥೆಯಲ್ಲಿ, ತಾವೇ ಬರೆದು ನಿರ್ದೇಶಿಸಿದ ಚಿತ್ರ ಬೇಗನೆ ಥಿಯೇಟರಿನಿಂದ ಇಳಿಯಿತು. ಅಲ್ಲಿ ಒಗುನಿಯಂಥ ಓದುಗ ಇರಲಿಲ್ಲವೆಂಬುದೇ ಅದಕ್ಕೆ ಮುಖ್ಯ ಕಾರಣ ಎಂದು ನನಗನ್ನಿಸುತ್ತದೆ. ಆದರೂ ತಿದ್ದುವ ಅಭ್ಯಾಸ ಅವರನ್ನು ಬಿಡಲಿಲ್ಲ. 1958ರಲ್ಲಿ ಟಿ.ವಿ.ಗೆ ಬರೆದಿದ್ದ ಯುದ್ಧಾಪರಾಧಿಯ ಕಥೆಯನ್ನು 2008ರ ಚಿತ್ರಕ್ಕಾಗಿ, 90 ವರ್ಷ ವಯಸ್ಸಿನ ಆಸುಪಾಸಿನಲ್ಲಿ, ಮತ್ತೆ ಕೂತು ತಿದ್ದಿಕೊಟ್ಟರು.